ಸೇಂಟ್ ಕಿಟ್ಸ್‌ನಲ್ಲಿ ಬೆಳೆದ ಹುಡುಗ ವೃತ್ತಿಪರ ಗೋಲ್‌ಕೀಪರ್ ಆಗಬಹುದೇ?

ಪ್ರಶ್ನೆ: ನಾವು ದಾವಣಗೆರೆ ಕಡೆಯವರು. ನಾನು, ನನ್ನ ಯಜಮಾನರು ಇಬ್ಬರೂ ಕೆರಿಬಿಯನ್‌ನ ಸೇಂಟ್ ಕಿಟ್ಸ್ ದ್ವೀಪದ ಒಂದು ಮೆಡಿಕಲ್ ಕಾಲೇಜಿನಲ್ಲಿ ಪಾಠ ಮಾಡುತ್ತೇವೆ. ಮಗನಿಗೆ ನಾಲ್ಕು ವರ್ಷ ಇದ್ದಾಗ ಇಲ್ಲಿಗೆ ಬಂದೆವು. ಈಗ ಅವನಿಗೆ ಹದಿನೈದೂವರೆ. ಶಾಲೆಯ ತಂಡಕ್ಕೂ ಒಂದು ಕ್ಲಬ್ಬಿನ ಕಿರಿಯರ ತಂಡಕ್ಕೂ ಅವನೇ ಗೋಲ್‌ಕೀಪರ್. ಎತ್ತರ 5 ಅಡಿ 8 ಇಂಚು. ಕುರಸಾವ್ ತಂಡ ವಿಶ್ವಕಪ್‌ಗೆ ಅರ್ಹತೆ ಪಡೆದ ದಿನದಿಂದ ಅವನ ಬಾಯಲ್ಲಿ ಬೇರೆ ಮಾತಿಲ್ಲ. "ಅಷ್ಟು ಚಿಕ್ಕ ದ್ವೀಪದ ಕೀಪರ್‌ಗೆ ಆಗತ್ತೆ ಅಂದ್ರೆ ನಂಗ್ಯಾಕೆ ಆಗಲ್ಲ ಅಮ್ಮ" ಅಂತಾನೆ. ಊರಲ್ಲಿ ಅತ್ತೆಯವರು "ಚೆಂಡು ಹಿಡ್ಕೊಂಡು ನಿಂತ್ರೆ ಹೊಟ್ಟೆ ತುಂಬತ್ತಾ" ಅಂತ ಫೋನಿನಲ್ಲೇ ಬೈಯುತ್ತಾರೆ. ಇಲ್ಲಿನ ಕೋಚ್ ಒಬ್ಬರು "ಈ ದೇಶದ ಪೌರತ್ವ ಮಾಡಿಸಿ, ರಾಷ್ಟ್ರೀಯ ಕಿರಿಯರ ತಂಡಕ್ಕೆ ತಗೋಬಹುದು" ಅಂದಿದ್ದಾರೆ. ಇನ್ನೊಬ್ಬ ಏಜೆಂಟ್ ಸ್ಪೇನ್‌ನಲ್ಲಿ ಟ್ರಯಲ್ಸ್ ಕೊಡಿಸ್ತೀನಿ, 4,000 ಡಾಲರ್ ಮುಂಗಡ ಕಟ್ಟಿ ಅನ್ನುತ್ತಿದ್ದಾನೆ. ಈ ಎತ್ತರ ಸಾಕಾ? ಪೌರತ್ವ ಬದಲಿಸಬೇಕಾ? ದುಡ್ಡು ಕಟ್ಟಬೇಕಾ? ಅವನು ಕ್ರಿಕೆಟ್‌ನಲ್ಲಿ ವಿಕೆಟ್ ಕೀಪಿಂಗ್ ಕೂಡ ಮಾಡುತ್ತಾನೆ, ಅದನ್ನು ಬಿಡಿಸಬೇಕಾ? ದಯವಿಟ್ಟು ಬಿಡಿಸಿ ಹೇಳಿ.

ಉತ್ತರ: ಮಗನ ಆಸೆಗೆ ಅಡ್ಡ ಬರಬಾರದು, ಹಾಗಂತ ಅವನ ಓದು, ನಿಮ್ಮ ದುಡ್ಡು, ಕೈಯಲ್ಲಿರುವ ಪಾಸ್‌ಪೋರ್ಟ್ ಇವುಗಳನ್ನು ಅವಸರದಲ್ಲಿ ಕಳೆದುಕೊಳ್ಳಲೂಬಾರದು. ನಿಮ್ಮ ಚಿಂತೆ ಇದೇ ಅಂತ ಅಂದುಕೊಳ್ಳುತ್ತೇನೆ. ಹುಡುಗರಿಗೆ ಗೋಲ್‌ಕೀಪಿಂಗ್ ಕಲಿಸುವುದೇ ನನ್ನ ಕೆಲಸ, ಇಂಥ ಪ್ರಶ್ನೆ ಹೊತ್ತು ಬರುವ ತಂದೆತಾಯಿಯರನ್ನು ಸಾಕಷ್ಟು ನೋಡಿದ್ದೇನೆ. ಮೊದಲೇ ಹೇಳಿಬಿಡುತ್ತೇನೆ. ಏಜೆಂಟ್‌ಗೆ ದುಡ್ಡು ಕೊಡಬೇಡಿ. ಪೌರತ್ವದ ಕಾಗದಕ್ಕೆ ಈಗಲೇ ಸಹಿ ಹಾಕಬೇಡಿ. ಹುಡುಗನಿಗೆ ಆಟ ಬಿಡಿಸಬೇಡಿ. ಯಾಕೆ ಅಂತ ಒಂದೊಂದಾಗಿ ಹೇಳುತ್ತೇನೆ.

ನಿಮ್ಮ ಮಗ ಕುರಸಾವ್ ಹೆಸರು ಹೇಳುತ್ತಾನೆ, ಅಲ್ಲಿಂದಲೇ ಶುರು ಮಾಡೋಣ. 2025ರ ನವೆಂಬರ್ 18ರಂದು ಜಮೈಕಾದ ಕಿಂಗ್‌ಸ್ಟನ್‌ನಲ್ಲಿ ಕುರಸಾವ್ 0-0 ಡ್ರಾ ಮಾಡಿಕೊಂಡು 2026ರ ವಿಶ್ವಕಪ್‌ಗೆ ಅರ್ಹತೆ ಪಡೆಯಿತು. ಅಲ್ಲಿನ ಜನಸಂಖ್ಯೆ ಸುಮಾರು 1.56 ಲಕ್ಷ. ಪುರುಷರ ವಿಶ್ವಕಪ್‌ಗೆ ಇಷ್ಟು ಚಿಕ್ಕ ಜನಸಂಖ್ಯೆಯ ದೇಶ ಹಿಂದೆಂದೂ ಬಂದಿರಲಿಲ್ಲ. ಅದಕ್ಕೂ ಮುಂಚೆ ಆ ದಾಖಲೆ 2018ರಲ್ಲಿ ಆಡಿದ ಐಸ್‌ಲ್ಯಾಂಡ್‌ನದು. ಜಮೈಕಾದವರ ಹೊಡೆತ ಮೂರು ಸಲ ಗೋಲ್‌ಕಂಬಕ್ಕೆ ಬಡಿದು ವಾಪಸ್ ಬಂತು. ಕೊನೆಯ ನಿಮಿಷಗಳಲ್ಲಿ ಅವರಿಗೆ ಸಿಕ್ಕ ಪೆನಾಲ್ಟಿ ವಿಡಿಯೊ ಪರಿಶೀಲನೆಯಲ್ಲಿ ರದ್ದಾಯಿತು. ಅಷ್ಟು ಹೊತ್ತೂ ಗೋಲ್‌ನಲ್ಲಿ ನಿಂತಿದ್ದವರು ಎಲಾಯ್ ರೂಮ್. ಆಗ ಅವರಿಗೆ 36 ವರ್ಷ.

ಆದರೆ ರೂಮ್ ಬೆಳೆದದ್ದು ಕುರಸಾವ್‌ನಲ್ಲಿ ಅಲ್ಲ. ಅವರು ಹುಟ್ಟಿದ್ದು ನೆದರ್‌ಲ್ಯಾಂಡ್ಸ್‌ನ ನೈಮೆಖನ್ ಊರಲ್ಲಿ, ಆಟ ಕಲಿತು ಮೇಲೆ ಬಂದದ್ದು ಅಲ್ಲಿನ ವಿಟೆಸ್ಸೆ ಕ್ಲಬ್ಬಿನಲ್ಲಿ. ಕುರಸಾವ್ ಇವತ್ತಿಗೂ ಡಚ್ ರಾಜಪ್ರಭುತ್ವದ ಭಾಗ, ಅಲ್ಲಿನವರಿಗೆ ಡಚ್ ಪಾಸ್‌ಪೋರ್ಟೇ ಇರುತ್ತದೆ. ಆ ತಂಡದ ಬಹುತೇಕ ಆಟಗಾರರು ನೆದರ್‌ಲ್ಯಾಂಡ್ಸ್‌ನಲ್ಲಿ ಹುಟ್ಟಿ, ಅಲ್ಲಿನ ಅಕಾಡೆಮಿಗಳಲ್ಲಿ ಪಳಗಿದವರು. ಅಪ್ಪ ಅಮ್ಮ ಅಥವಾ ಅಜ್ಜ ಅಜ್ಜಿಯ ಕಡೆಯಿಂದ ದ್ವೀಪದ ನಂಟು. ಇದರಲ್ಲಿ ತಪ್ಪೇನೂ ಇಲ್ಲ, ಅವರ ಸಾಧನೆಯೂ ಕಮ್ಮಿಯಾಗುವುದಿಲ್ಲ. ಆದರೆ "ಚಿಕ್ಕ ದ್ವೀಪದಲ್ಲಿ ಆಡಿಕೊಂಡೇ ವಿಶ್ವಕಪ್‌ಗೆ ಹೋದರು" ಅಂತ ನಿಮ್ಮ ಮಗ ನಂಬಿದ್ದರೆ ಅದು ಪೂರ್ತಿ ನಿಜವಲ್ಲ. ಅದನ್ನು ಅವನಿಗೆ ಈಗಲೇ ತಿಳಿಸಿ. ಹದಿನೈದರ ಹುಡುಗರಿಗೆ ಇಂಥದ್ದು ಅರ್ಥವಾಗುತ್ತದೆ.

ರೂಮ್ ಬದುಕಿನಿಂದ ಅವನು ಕಲಿಯಬೇಕಾದ್ದು ಬೇರೆ ಇದೆ. 2017ರಲ್ಲಿ ವಿಟೆಸ್ಸೆ ಡಚ್ ಕಪ್ ಗೆದ್ದಿತು, 1892ರಲ್ಲಿ ಶುರುವಾದ ಆ ಕ್ಲಬ್ಬಿಗೆ ಅದೇ ಮೊದಲ ದೊಡ್ಡ ಪ್ರಶಸ್ತಿ. ಅದೇ ವರ್ಷ ಕುರಸಾವ್ ಜಮೈಕಾವನ್ನು 2-1ರಿಂದ ಸೋಲಿಸಿ ಕೆರಿಬಿಯನ್ ಕಪ್ ಎತ್ತಿತು. ಅದೇ ವರ್ಷ ರೂಮ್ ಅಲ್ಲಿನ ದೊಡ್ಡ ಕ್ಲಬ್ ಪಿಎಸ್‌ವಿ ಐಂಡ್‌ಹೋವನ್ ಸೇರಿದರು. ಅಲ್ಲಿ ಎರಡು ವರ್ಷ ಹೆಚ್ಚುಕಮ್ಮಿ ಬೆಂಚಿನ ಮೇಲೆ ಕಳೆಯಿತು. ಆಮೇಲೆ ಅಮೆರಿಕದ ಕೊಲಂಬಸ್ ಕ್ರೂ ಸೇರಿ 2020ರಲ್ಲಿ ಅಲ್ಲಿನ ದೊಡ್ಡ ಲೀಗ್ ಎಂಎಲ್‌ಎಸ್‌ನ ಕಪ್ ಫೈನಲ್‌ನಲ್ಲಿ ಒಂದೂ ಗೋಲು ಬಿಡದೆ ಗೆದ್ದರು. ಗೋಲ್‌ಕೀಪರ್ ಬದುಕು ಹೀಗೇ. ಹನ್ನೊಂದು ಜನರಲ್ಲಿ ಕೀಪರ್ ಒಬ್ಬನೇ, ಅವನು ಗಾಯಗೊಂಡರೆ ಅಥವಾ ಫಾರ್ಮ್ ಕಳೆದುಕೊಂಡರೆ ಮಾತ್ರ ಎರಡನೆಯವನಿಗೆ ಜಾಗ. ಮಧ್ಯಮೈದಾನದ ಆಟಗಾರನಿಗಾದರೆ ಕೊನೆಯ ಇಪ್ಪತ್ತು ನಿಮಿಷವಾದರೂ ಸಿಗುತ್ತದೆ. ಕೀಪರ್‌ಗೆ ಅದೂ ಇಲ್ಲ.

ಇದನ್ನು ಇನ್ನೂ ಚೆನ್ನಾಗಿ ತೋರಿಸುವುದು ಟ್ರಿನಿಡಾಡ್‌ನ ಶಾಕಾ ಹಿಸ್ಲಪ್ ಕಥೆ. ಅವರು ಹುಟ್ಟಿದ್ದು ಲಂಡನ್, ಬೆಳೆದದ್ದು ಟ್ರಿನಿಡಾಡ್. ಫುಟ್‌ಬಾಲ್ ಸ್ಕಾಲರ್‌ಶಿಪ್ ಮೇಲೆ ಅಮೆರಿಕದ ಹೊವಾರ್ಡ್ ವಿಶ್ವವಿದ್ಯಾಲಯ ಸೇರಿ ಮೆಕ್ಯಾನಿಕಲ್ ಎಂಜಿನಿಯರಿಂಗ್ ಓದಿದರು, ನಾಸಾದಲ್ಲಿ ಇಂಟರ್ನ್‌ಶಿಪ್ ಕೂಡ ಮಾಡಿದರು. ಡಿಗ್ರಿ ಕೈಗೆ ಬಂದ ಮೇಲೆ 1992ರಲ್ಲಿ ಇಂಗ್ಲೆಂಡಿನ ರೆಡಿಂಗ್ ಕ್ಲಬ್ಬು, ಅಲ್ಲಿಂದ ನ್ಯೂಕಾಸಲ್, ವೆಸ್ಟ್ ಹ್ಯಾಮ್, ಪೋರ್ಟ್ಸ್‌ಮತ್. 2006ರ ವಿಶ್ವಕಪ್‌ಗೆ ಹೋದಾಗ ಅವರು ಟ್ರಿನಿಡಾಡ್‌ನ ಮೊದಲ ಆಯ್ಕೆಯ ಕೀಪರ್ ಆಗಿರಲಿಲ್ಲ. ಜೂನ್ 10ರಂದು ಡಾರ್ಟ್‌ಮಂಡ್‌ನಲ್ಲಿ ಸ್ವೀಡನ್ ವಿರುದ್ಧ ಆಡಬೇಕಿದ್ದವರು ಕೆಲ್ವಿನ್ ಜ್ಯಾಕ್. ವಾರ್ಮ್‌ಅಪ್ ಮಾಡುವಾಗಲೇ ಜ್ಯಾಕ್ ಗಾಯಗೊಂಡರು. ಪಂದ್ಯ ಶುರುವಾಗಲು ಇನ್ನೇನು ಸ್ವಲ್ಪ ಹೊತ್ತಿದೆ ಅನ್ನುವಾಗ 37 ವರ್ಷದ ಹಿಸ್ಲಪ್‌ಗೆ "ನೀನೇ ಆಡು" ಅಂದರು. ದ್ವಿತೀಯಾರ್ಧದ ಶುರುವಿನಲ್ಲೇ ತಂಡದ ಒಬ್ಬ ಕೆಂಪು ಕಾರ್ಡ್ ಪಡೆದು ಹೊರಗೆ. ಹತ್ತೇ ಜನ, ಎದುರಿಗೆ ಇಬ್ರಾಹಿಮೊವಿಚ್, ಲಾರ್ಸನ್‌ರಂಥ ಸ್ಟ್ರೈಕರ್‌ಗಳು. ಫಲಿತಾಂಶ 0-0. ಟ್ರಿನಿಡಾಡ್‌ಗೆ ವಿಶ್ವಕಪ್‌ನಲ್ಲಿ ಸಿಕ್ಕ ಮೊದಲ ಅಂಕ ಅದು.

ಕೀಪರ್‌ಗಳು ತಡವಾಗಿ ಹಣ್ಣಾಗುತ್ತಾರೆ. ಸ್ಟ್ರೈಕರ್ ಮೂವತ್ತೆರಡಕ್ಕೆ ಮುಗಿದ ಅನ್ನಿಸಿಕೊಂಡರೆ, ಕೀಪರ್ ಆಗತಾನೇ ಆಟವನ್ನು ಪೂರ್ತಿ ಓದಲು ಕಲಿತಿರುತ್ತಾನೆ. ಹಾಗಾಗಿ "ಹದಿನಾರಕ್ಕೆ ಯುರೋಪ್ ಸೇರದಿದ್ದರೆ ಕಥೆ ಮುಗೀತು" ಅನ್ನುವ ಮಾತು ಕೀಪರ್ ವಿಷಯದಲ್ಲಿ ಸುಳ್ಳು. ಈ ಮಾತು ಯಾರ ಬಾಯಿಂದ ಜಾಸ್ತಿ ಬರುತ್ತದೆ ಅಂತ ಗಮನಿಸಿ. ಮುಂಗಡ ಕೇಳುವವರ ಬಾಯಿಂದಲೇ.

ಇನ್ನು ದ್ವೀಪದಲ್ಲೇ ಬೆಳೆದು ಮೇಲೆ ಹೋದವರು ಇದ್ದಾರಾ? ಇದ್ದಾರೆ. ಆಂಡ್ರೆ ಬ್ಲೇಕ್ ಬೆಳೆದದ್ದು ಜಮೈಕಾದಲ್ಲಿ. ಅಲ್ಲಿಂದ ಕನೆಕ್ಟಿಕಟ್ ವಿಶ್ವವಿದ್ಯಾಲಯ, 2014ರ ಎಂಎಲ್‌ಎಸ್ ಡ್ರಾಫ್ಟ್‌ನಲ್ಲಿ, ಅಂದರೆ ಕ್ಲಬ್ಬುಗಳು ಸರದಿಯಂತೆ ಹೊಸ ಆಟಗಾರರನ್ನು ಆರಿಸುವಾಗ, ಎಲ್ಲರಿಗಿಂತ ಮೊದಲ ಆಯ್ಕೆ. ಫಿಲಡೆಲ್ಫಿಯಾ ಯೂನಿಯನ್ ಪರ ಆಡುತ್ತಾ 2016, 2020, 2022ರಲ್ಲಿ ಆ ಲೀಗಿನ ವರ್ಷದ ಗೋಲ್‌ಕೀಪರ್ ಆದರು. ಜಮೈಕಾ ಅಷ್ಟೇನೂ ಚಿಕ್ಕದಲ್ಲ, ಇಪ್ಪತ್ತೆಂಟು ಲಕ್ಷ ಜನ ಇದ್ದಾರೆ. ಸೇಂಟ್ ಕಿಟ್ಸ್ ಮತ್ತು ನೆವಿಸ್ ಸೇರಿಸಿದರೂ ಸುಮಾರು 50 ಸಾವಿರ.

ನಿಮ್ಮ ದ್ವೀಪದ ಉದಾಹರಣೆಯೇ ಬೇಕು ಅಂದರೆ ಜುಲಾನಿ ಆರ್ಚಿಬಾಲ್ಡ್. ನಿಮ್ಮ ಮಗನಿಗೆ ಈ ಹೆಸರು ಗೊತ್ತಿರಲೇಬೇಕು. ಸೇಂಟ್ ಕಿಟ್ಸ್‌ನಲ್ಲೇ ಆಟ ಶುರು ಮಾಡಿ ಟ್ರಿನಿಡಾಡ್, ಹೊಂಡುರಾಸ್ ಲೀಗ್‌ಗಳಲ್ಲಿ ಆಡಿದವರು. 2023ರ ಜೂನ್‌ನಲ್ಲಿ ಉತ್ತರ, ಮಧ್ಯ ಅಮೆರಿಕ ಮತ್ತು ಕೆರಿಬಿಯನ್ ದೇಶಗಳ ಗೋಲ್ಡ್ ಕಪ್‌ನ ಅರ್ಹತಾ ಸುತ್ತಿನಲ್ಲಿ ಸೇಂಟ್ ಕಿಟ್ಸ್ ಮೊದಲು ಇದೇ ಕುರಸಾವ್ ತಂಡವನ್ನು, ಆಮೇಲೆ ಫ್ರೆಂಚ್ ಗಯಾನಾವನ್ನು ಸೋಲಿಸಿತು. ಎರಡೂ ಪೆನಾಲ್ಟಿ ಶೂಟೌಟ್‌ನಲ್ಲಿ, ಗೋಲ್‌ನಲ್ಲಿ ಆರ್ಚಿಬಾಲ್ಡ್. ದೇಶ ಮೊದಲ ಬಾರಿ ಗೋಲ್ಡ್ ಕಪ್‌ಗೆ ಹೋಯಿತು. ಅಲ್ಲಿ ಟ್ರಿನಿಡಾಡ್ ವಿರುದ್ಧ 3-0, ಅಮೆರಿಕ ವಿರುದ್ಧ 6-0, ಜಮೈಕಾ ವಿರುದ್ಧ 5-0 ಸೋಲು. ಮೂರು ಪಂದ್ಯ, ಹದಿನಾಲ್ಕು ಗೋಲು. ಅದೇ ತಿಂಗಳು ದೇಶವೇ ಹೊತ್ತು ಮೆರೆಸಿದ ತಂಡ ಅದು. ಚಿಕ್ಕ ದ್ವೀಪದ ಕೀಪರ್ ಆಗುವುದು ಅಂದರೆ ಈ ಎರಡನ್ನೂ ಒಂದೇ ತಿಂಗಳಲ್ಲಿ ನುಂಗಿಕೊಂಡು ಮುಂದಿನ ವಾರ ಮತ್ತೆ ಗ್ಲೌಸ್ ಹಾಕಿಕೊಳ್ಳುವುದು. ನಿಮ್ಮ ಮಗ ಐದು ಗೋಲು ತಿಂದು ಬಂದ ಸಂಜೆ ಹೇಗಿರುತ್ತಾನೆ? ಮೌನವಾಗಿದ್ದು ಮಾರನೇ ದಿನ ಪ್ರಾಕ್ಟೀಸ್‌ಗೆ ಹೋಗುತ್ತಾನಾ, ಅಥವಾ ವಾರವಿಡೀ ಡಿಫೆಂಡರ್‌ಗಳನ್ನು ಬೈಯುತ್ತಾನಾ? ನನಗೆ ಅವನ ಎತ್ತರಕ್ಕಿಂತ ಈ ಉತ್ತರ ಮುಖ್ಯ.

ಎತ್ತರದ ವಿಷಯ ಬೇಗ ಮುಗಿಸುತ್ತೇನೆ. ಗೋಲ್ ಎಲ್ಲ ಕಡೆಯೂ 7.32 ಮೀಟರ್ ಅಗಲ, 2.44 ಮೀಟರ್ ಎತ್ತರ. ಎತ್ತರ ಇದ್ದರೆ ಅನುಕೂಲ ಅನ್ನುವುದು ನಿಜ, ದೊಡ್ಡ ಕ್ಲಬ್ಬುಗಳು ಮೊದಲು ಅದನ್ನೇ ನೋಡುವುದೂ ನಿಜ. ಹಿಸ್ಲಪ್ 6 ಅಡಿ 4 ಇಂಚು. ಆದರೆ ರೂಮ್ ಆರಡಿಯೂ ಇಲ್ಲ. ಹದಿನೈದೂವರೆಗೆ 5 ಅಡಿ 8 ಇಂಚು ಇರುವ ಹುಡುಗ ಇನ್ನೂ ಬೆಳೆಯಬಹುದು. ಅಪ್ಪ ಅಮ್ಮನ ಎತ್ತರ ನೋಡಿ ಅಂದಾಜು ಮಾಡುವ ಲೆಕ್ಕ ನಿಮಗೆ ನನಗಿಂತ ಚೆನ್ನಾಗಿ ಗೊತ್ತಿರುತ್ತದೆ. ಐದಡಿ ಹತ್ತು, ಹನ್ನೊಂದಕ್ಕೆ ನಿಂತರೆ ಕೆಲವು ಬಾಗಿಲು ಮುಚ್ಚುತ್ತವೆ, ಎಲ್ಲವೂ ಅಲ್ಲ. ಎತ್ತರದ ಪುಡಿ, ನೇತಾಡುವ ಯಂತ್ರ ಇಂಥದ್ದಕ್ಕೆಲ್ಲ ದುಡ್ಡು ಸುರಿಯಬೇಡಿ. ಮಂಡಿಚಿಪ್ಪಿನ ಕೆಳಗೆ ನೋವು ಅಂದರೆ ಮಾತ್ರ ಡೈವ್, ಜಿಗಿತ ಕಮ್ಮಿ ಮಾಡಿಸಿ. ಬೆಳೆಯುವ ವಯಸ್ಸಿನ ಕೀಪರ್‌ಗಳಿಗೆ ಇದು ಬರುತ್ತಿರುತ್ತದೆ, ಗಟ್ಟಿ ನೆಲದಲ್ಲಿ ದಿನಾ ಬಿದ್ದರಂತೂ ಹೆಚ್ಚಾಗುತ್ತದೆ.

ನಿಜವಾದ ಅಡ್ಡಿ ಎತ್ತರವಲ್ಲ. ಚಿಕ್ಕ ದ್ವೀಪದಲ್ಲಿ ಕೀಪರ್‌ಗೆ ಸಿಗುವ ಆಟದ ಗುಣಮಟ್ಟ. ನಿಮ್ಮ ಹುಡುಗ ಒಂದು ಋತುವಿನಲ್ಲಿ ಎಷ್ಟು ಪಂದ್ಯ ಆಡುತ್ತಾನೆ, ಅದರಲ್ಲಿ ಎಷ್ಟು ಹೊಡೆತ ನಿಜಕ್ಕೂ ವೇಗವಾಗಿ ಬರುತ್ತವೆ ಅಂತ ಒಮ್ಮೆ ಅವನ ಹತ್ತಿರವೇ ಬರೆಸಿ ನೋಡಿ. ಶಾಲಾ ಪಂದ್ಯಗಳಲ್ಲಿ ದೂರದಿಂದ ಸುಮ್ನೆ ಎತ್ತಿ ಹೊಡೆಯುತ್ತಾರೆ, ಕೀಪರ್ ಹಾರಿ ಹಿಡಿಯುತ್ತಾನೆ, ಎಲ್ಲರೂ ಚಪ್ಪಾಳೆ ತಟ್ಟುತ್ತಾರೆ. ಮೇಲಿನ ಹಂತದಲ್ಲಿ ಅವನನ್ನು ಅಳೆಯುವುದು ಕ್ರಾಸ್‌ನಲ್ಲಿ, ಅಂದರೆ ಬದಿಯಿಂದ ಗೋಲ್ ಮುಂದಕ್ಕೆ ಎತ್ತಿ ಹೊಡೆದ ಚೆಂಡಿನಲ್ಲಿ. ಕಾರ್ನರ್ ಕಿಕ್ ಒಳಕ್ಕೆ ತಿರುಗಿ ಬರುತ್ತಿದೆ ಅಂದುಕೊಳ್ಳಿ. ಒಬ್ಬ ಎದುರಾಳಿ ಬೆನ್ನು ಕೊಟ್ಟು ದಾರಿಗೆ ಅಡ್ಡ ನಿಂತಿದ್ದಾನೆ, ಇನ್ನಿಬ್ಬರು ಓಡಿ ಬರುತ್ತಿದ್ದಾರೆ. ಕೀಪರ್ ಅರೆಕ್ಷಣದಲ್ಲಿ "ಹೋಗ್ಲಾ, ನಿಲ್ಲಾ" ತೀರ್ಮಾನಿಸಬೇಕು. ಹೋದರೆ ಕೂಗಬೇಕು, ಒಂದು ಮಂಡಿ ಮಡಚಿ ಎದೆಗೆ ರಕ್ಷಣೆ ಕೊಟ್ಟುಕೊಂಡು ಜಿಗಿಯಬೇಕು, ಮರದ ತುದಿಯ ಮಾವಿನಕಾಯಿ ಕೀಳುವ ಹಾಗೆ ಕೈ ಪೂರ್ತಿ ಚಾಚಿ ಚೆಂಡನ್ನು ಅದರ ಎತ್ತರದಲ್ಲೇ ತೆಗೆದುಕೊಳ್ಳಬೇಕು. ಮುಖದ ಮುಂದೆ ಬರಲಿ ಅಂತ ಕಾದರೆ ಅಲ್ಲಿಗೆ ಬೇರೆಯವನ ತಲೆ ಬಂದಿರುತ್ತದೆ. ಇದನ್ನು ಒಬ್ಬನೇ ನಿಂತು ಕಲಿಯಲಾಗುವುದಿಲ್ಲ. ಮೈಮೇಲೆ ಬೀಳುವ ದೊಡ್ಡವರು ಬೇಕು. ಅದಕ್ಕೇ ವಾರದಲ್ಲಿ ಒಂದು ದಿನವಾದರೂ ಅವನು ಕ್ಲಬ್ಬಿನ ಹಿರಿಯರ ತಂಡದ ಜೊತೆ ಅಭ್ಯಾಸ ಮಾಡಲಿ. ಪಂದ್ಯ ಆಡಬೇಕಿಲ್ಲ, ಕಾರ್ನರ್ ಅಭ್ಯಾಸಕ್ಕೆ ನಿಂತರೂ ಸಾಕು. ಕೋಚ್‌ಗೆ ನೀವೇ ಹೋಗಿ ಕೇಳಿ, ಸಾಮಾನ್ಯವಾಗಿ ಬೇಡ ಅನ್ನುವುದಿಲ್ಲ. ಹಿರಿಯರ ತಂಡಗಳಿಗೆ ಎರಡನೇ ಕೀಪರ್ ಯಾವಾಗಲೂ ಬೇಕಾಗಿರುತ್ತಾನೆ.

ಎರಡನೆಯದು ಕಾಲು. 1992ರಲ್ಲಿ ಬ್ಯಾಕ್‌ಪಾಸ್ ನಿಯಮ ಬಂದ ಮೇಲೆ, ಸಹ ಆಟಗಾರ ಬೇಕೆಂದೇ ಕಾಲಿನಿಂದ ಕೊಟ್ಟ ಚೆಂಡನ್ನು ಕೀಪರ್ ಕೈಯಲ್ಲಿ ಹಿಡಿಯುವಂತಿಲ್ಲ. ಈಗಂತೂ ಆಟ ಕಟ್ಟುವುದೇ ಕೀಪರ್ ಕಾಲಿನಿಂದ. ಏಳುಬೀಳಿನ ಮೈದಾನದಲ್ಲಿ ಬೆಳೆದ ಹುಡುಗರು ಸಹಜವಾಗಿಯೇ ಚೆಂಡು ಬಂದ ಕೂಡಲೇ ದೂರಕ್ಕೆ ಒದೆಯುತ್ತಾರೆ, ಅಲ್ಲಿ ಅದೇ ಸುರಕ್ಷಿತ. ಹೊರಗೆ ಟ್ರಯಲ್ಸ್‌ಗೆ ಹೋದಾಗ ಇದೇ ಅಭ್ಯಾಸ ಅವರನ್ನು ಹಿಂದಕ್ಕೆ ಎಳೆಯುತ್ತದೆ. ದಿನಾ ಸ್ವಲ್ಪ ಹೊತ್ತು ಗೋಡೆಗೆ ಹೊಡೆದು, ಎಡಗಾಲಲ್ಲಿ ಒಂದೇ ತಾಗುವಿಕೆಯಲ್ಲಿ ವಾಪಸ್ ಕೊಡುವುದನ್ನು ರೂಢಿ ಮಾಡಿಸಿ. ಖರ್ಚಿಲ್ಲದ ಕೆಲಸ.

ಈಗ ಪಾಸ್‌ಪೋರ್ಟ್. ಇಲ್ಲಿ ಸ್ವಲ್ಪ ನಿಧಾನವಾಗಿ ಓದಿ, ಯಾಕೆಂದರೆ ಈ ಒಂದು ತೀರ್ಮಾನ ಸುಲಭವಾಗಿ ಹಿಂದಕ್ಕೆ ಬರುವುದಿಲ್ಲ.

ಸೇಂಟ್ ಕಿಟ್ಸ್ 1984ರಿಂದಲೂ ಹೂಡಿಕೆ ಮಾಡಿದವರಿಗೆ ಪೌರತ್ವ ಕೊಡುವ ದೇಶ. ಅದಕ್ಕೇ "ಪಾಸ್‌ಪೋರ್ಟ್ ತಗೊಂಡ್ರೆ ಆಯ್ತು, ಆಡಬಹುದು" ಅಂತ ಅನೇಕರು ತಿಳಿದಿದ್ದಾರೆ. ಫಿಫಾ ಅದನ್ನು ಒಪ್ಪುವುದಿಲ್ಲ. ಹೊಸದಾಗಿ ಪೌರತ್ವ ಪಡೆದವನು ಆ ದೇಶಕ್ಕೆ ಆಡಬೇಕಾದರೆ ಪಾಸ್‌ಪೋರ್ಟ್ ಜೊತೆಗೆ ನಿಜವಾದ ನಂಟೂ ಬೇಕು. ಅವನು ಅಲ್ಲಿ ಹುಟ್ಟಿರಬೇಕು, ಇಲ್ಲವೇ ಅಪ್ಪ, ಅಮ್ಮ, ಅಜ್ಜ, ಅಜ್ಜಿ ಇವರಲ್ಲಿ ಒಬ್ಬರು ಅಲ್ಲಿ ಹುಟ್ಟಿರಬೇಕು, ಇಲ್ಲವೇ ಅಲ್ಲೇ ವಾಸ ಮಾಡಿರಬೇಕು. ಹತ್ತು ವರ್ಷ ತುಂಬುವ ಮೊದಲೇ ಹೋಗಿ ನೆಲೆಸಿದವರಿಗೆ ಕನಿಷ್ಠ ಮೂರು ವರ್ಷದ ವಾಸ, ಆಮೇಲೆ ಹೋದವರಿಗೆ ಐದು ವರ್ಷ. ನಿಮ್ಮ ಮಗ ನಾಲ್ಕನೇ ವಯಸ್ಸಿನಿಂದ ಅಲ್ಲೇ ಇದ್ದಾನೆ. ವಾಸದ ಷರತ್ತು ಅವನಿಗೆ ತೊಡಕೇ ಅಲ್ಲ. ಅಂದರೆ ಕೋಚ್ ಹೇಳಿದ್ದು ಸುಳ್ಳಲ್ಲ, ಪೌರತ್ವ ಬಂದರೆ ಅವನು ಆಡಬಹುದು.

ಆದರೆ ಕೋಚ್ ಹೇಳದೇ ಬಿಟ್ಟದ್ದು ಒಂದಿದೆ. ಭಾರತ ಎರಡು ಪೌರತ್ವ ಒಪ್ಪುವುದಿಲ್ಲ. ಸೇಂಟ್ ಕಿಟ್ಸ್ ಪಾಸ್‌ಪೋರ್ಟ್ ಬಂದರೆ ಭಾರತದ್ದು ಹೋಗುತ್ತದೆ. ವಿದೇಶಿ ಪೌರತ್ವ ಪಡೆದ ಭಾರತ ಮೂಲದವರಿಗೆ ಕೊಡುವ ಒಸಿಐ ಕಾರ್ಡ್ ಸಿಗಬಹುದು, ಆದರೆ ಒಸಿಐ ಇಟ್ಟುಕೊಂಡು ಭಾರತದ ತಂಡಕ್ಕೆ ಆಡುವಂತಿಲ್ಲ. ಬೆಂಗಳೂರು ಎಫ್‌ಸಿಯ ರಯಾನ್ ವಿಲಿಯಮ್ಸ್ 2025ರಲ್ಲಿ ಆಸ್ಟ್ರೇಲಿಯಾದ ಪೌರತ್ವವನ್ನೇ ಬಿಟ್ಟು ಭಾರತದ ಪಾಸ್‌ಪೋರ್ಟ್ ಪಡೆದದ್ದು ಇದೇ ಕಾರಣಕ್ಕೆ. ಇನ್ನೊಂದು ವಿಷಯ ಕೀಪರ್‌ಗಳಿಗೇ ಸಂಬಂಧಪಟ್ಟದ್ದು. ಭಾರತದ ಕ್ಲಬ್ಬುಗಳು ವಿದೇಶಿ ಆಟಗಾರರಿಗೆ ಇರುವ ಸೀಮಿತ ಜಾಗಗಳನ್ನು ಸ್ಟ್ರೈಕರ್, ಮಿಡ್‌ಫೀಲ್ಡರ್, ಡಿಫೆಂಡರ್‌ಗಳಿಗೆ ಖರ್ಚು ಮಾಡುತ್ತವೆ. ಗೋಲ್‌ನಲ್ಲಿ ನಿಲ್ಲುವವರು ಬಹುತೇಕ ಭಾರತೀಯರೇ. ಭಾರತದ ಪಾಸ್‌ಪೋರ್ಟ್ ಇರುವ ಒಳ್ಳೆಯ ಕೀಪರ್‌ಗೆ ಅಲ್ಲಿನ ದೊಡ್ಡ ಲೀಗ್ ಐಎಸ್‌ಎಲ್‌ನ, ಅದರ ಕೆಳಗಿನ ಲೀಗಿನ ಕ್ಲಬ್ಬುಗಳಲ್ಲಿ ಬೇಡಿಕೆ ಇದೆ. ಅದೇ ಹುಡುಗ ಸೇಂಟ್ ಕಿಟ್ಸ್ ಪಾಸ್‌ಪೋರ್ಟ್ ಹಿಡಿದು ಬಂದರೆ ವಿದೇಶಿ, ಅವನಿಗೆ ಜಾಗ ಇಲ್ಲವೆಂದೇ ಹೇಳಬೇಕು. ಬೆಂಗಳೂರು ಎಫ್‌ಸಿಯ ಗುರ್‌ಪ್ರೀತ್ ಸಿಂಗ್ ಸಂಧು ಭಾರತದಲ್ಲೇ ಬೆಳೆದು, ನಾರ್ವೆಯ ಸ್ಟಾಬೆಕ್ ಕ್ಲಬ್ಬಿಗೆ ಆಡಿ, 2017ರಲ್ಲಿ ಬೆಂಗಳೂರಿಗೆ ಬಂದವರು. ಆ ದಾರಿ ಮುಚ್ಚಿಲ್ಲ.

ಇದರ ಅರ್ಥ ಭಾರತವೇ ಒಳ್ಳೆಯದು ಅಂತಲ್ಲ. 2025-26ರ ಐಎಸ್‌ಎಲ್ ಋತು ವಾಣಿಜ್ಯ ಹಕ್ಕುಗಳ ಗೊಂದಲದಲ್ಲಿ ತಿಂಗಳುಗಟ್ಟಲೆ ತಡವಾಯಿತು, ಆಟಗಾರರು ಸಂಬಳದ ಚಿಂತೆಯಲ್ಲಿ ದಿನ ದೂಡಿದರು. ಇನ್ನೊಂದು ಕಡೆ ಸೇಂಟ್ ಕಿಟ್ಸ್ ಪೌರತ್ವ ಇದ್ದರೆ ರಾಷ್ಟ್ರೀಯ ತಂಡದ ಬಾಗಿಲು ಬೇಗ ತೆರೆಯುತ್ತದೆ. ಕೆರಿಬಿಯನ್ ದೇಶಗಳ ಒಕ್ಕೂಟವಾದ ಕ್ಯಾರಿಕಾಮ್‌ನ ದೇಶಗಳಲ್ಲಿ ಕ್ರೀಡಾಪಟುವಾಗಿ ಕೆಲಸಕ್ಕೆ ಹೋಗುವುದೂ ಸುಲಭ. ಅಮೆರಿಕ, ಮೆಕ್ಸಿಕೊ ತಂಡಗಳ ಎದುರು ಆಡುವ ಅವಕಾಶ ಸಿಗುತ್ತದೆ, ಅಲ್ಲಿ ನೋಡುವ ಕಣ್ಣುಗಳೂ ಜಾಸ್ತಿ. ಆದರೆ ರಾಷ್ಟ್ರೀಯ ಜೆರ್ಸಿಯಿಂದ ಸಂಬಳ ಬರುವುದಿಲ್ಲ. ದ್ವೀಪದ ಲೀಗ್ ಆಡುವವರು ಹಗಲು ಬೇರೆ ಕೆಲಸ ಮಾಡುತ್ತಾರೆ. ಟ್ರಿನಿಡಾಡ್‌ನ ವೃತ್ತಿಪರ ಲೀಗ್ ಕೂಡ ಕೋವಿಡ್ ಹೊತ್ತಿಗೆ ನಿಂತುಹೋಗಿ, 2023ರಲ್ಲಿ ಬೇರೆ ಹೆಸರಿನಲ್ಲಿ ಮತ್ತೆ ಶುರುವಾಯಿತು. ಇಂಗ್ಲೆಂಡ್‌ನ ಆಸೆ ಇದ್ದರೆ, ಅಲ್ಲಿ ಕೆಲಸದ ಪರವಾನಗಿಗೆ ಅಂಕ ಲೆಕ್ಕ ಹಾಕುವಾಗ ಫಿಫಾ ರ‍್ಯಾಂಕಿಂಗ್‌ನ ಮೊದಲ 50 ದೇಶಗಳ ಪರ ಆಡಿದ್ದಕ್ಕೆ ಹೆಚ್ಚು ಬೆಲೆ. ಸೇಂಟ್ ಕಿಟ್ಸ್ ಆಗಲಿ ಭಾರತವಾಗಲಿ ಅದರಲ್ಲಿ ಇಲ್ಲ. ಹಿಸ್ಲಪ್‌ಗೆ ಆ ತೊಂದರೆ ಬರಲಿಲ್ಲ, ಅವರು ಹುಟ್ಟಿದ್ದೇ ಲಂಡನ್.

ನನ್ನ ಅಭಿಪ್ರಾಯ ಕೇಳಿದರೆ, ಅವನಿಗೆ 18 ತುಂಬುವವರೆಗೆ ಪೌರತ್ವದ ವಿಷಯ ಮುಟ್ಟಬೇಡಿ. ಆಗ ಅವನೇ ನಿರ್ಧರಿಸಲಿ. ಅದಕ್ಕೂ ಮುಂಚೆ ನೀವೇ ಬೇರೆ ಕಾರಣಕ್ಕೆ ಪೌರತ್ವ ಬದಲಿಸುವ ಯೋಚನೆಯಲ್ಲಿದ್ದರೆ, ಅದು ಮಗನ ಪೌರತ್ವಕ್ಕೂ ತಾಗುತ್ತದೆಯೇ ಅಂತ ಭಾರತೀಯ ಹೈಕಮಿಷನ್‌ನಲ್ಲಿ, ಒಬ್ಬ ವಕೀಲರ ಹತ್ತಿರ ಕೇಳಿ. ಅಲ್ಲಿಯವರೆಗೆ ಅವನ ಶಾಲೆಯ ದಾಖಲೆಗಳನ್ನು ಒಂದನೇ ತರಗತಿಯಿಂದಲೂ ಜೋಪಾನವಾಗಿ ಇಡಿ. ಅವನು ಎಲ್ಲಿ, ಯಾವಾಗಿಂದ ವಾಸವಿದ್ದ ಅನ್ನುವುದಕ್ಕೆ ಮುಂದೆ ಅದೇ ಸಾಕ್ಷಿ. ಈಗ ಕ್ಲಬ್ಬಿನ ನೋಂದಣಿಗೂ ಅದು ಬೇಕು. ವಿದೇಶಿ ಪಾಸ್‌ಪೋರ್ಟ್‌ನ ಮಗುವನ್ನು ಮೊದಲ ಸಲ ನೋಂದಾಯಿಸುವಾಗ ಐದು ವರ್ಷ ಎಡೆಬಿಡದೆ ಅಲ್ಲಿ ವಾಸವಿದ್ದದ್ದನ್ನು ತೋರಿಸಿದರೆ ಕೆಲಸ ಸಲೀಸು. ಕ್ಲಬ್ಬು ಇದನ್ನು ಸರಿಯಾಗಿ ಮಾಡಿದೆಯಾ ಅಂತ ಒಮ್ಮೆ ವಿಚಾರಿಸಿ.

ಏಜೆಂಟ್ ವಿಷಯಕ್ಕೆ ಬರೋಣ. 18 ತುಂಬದ ಆಟಗಾರನನ್ನು ಒಂದು ದೇಶದಿಂದ ಇನ್ನೊಂದು ದೇಶದ ಕ್ಲಬ್ಬಿಗೆ ವರ್ಗ ಮಾಡುವುದನ್ನು ಫಿಫಾ ನಿಯಮ ತಡೆಯುತ್ತದೆ. ವಿನಾಯಿತಿಗಳು ಬೆರಳೆಣಿಕೆ. ತಂದೆತಾಯಿ ಫುಟ್‌ಬಾಲ್‌ಗೆ ಸಂಬಂಧವಿಲ್ಲದ ಕಾರಣಕ್ಕೆ ಆ ದೇಶಕ್ಕೆ ಹೋಗಿ ನೆಲೆಸಿದ್ದರೆ ಒಂದು. ಯುರೋಪಿಯನ್ ಒಕ್ಕೂಟದ ಒಳಗೇ 16 ದಾಟಿದವನು ಹೋಗುವುದಾದರೆ ಇನ್ನೊಂದು. ಗಡಿಯ ಅಕ್ಕಪಕ್ಕದ ಊರುಗಳಿಗೆ ಮತ್ತೊಂದು. ಸೇಂಟ್ ಕಿಟ್ಸ್‌ನಲ್ಲಿರುವ ಭಾರತೀಯ ಹುಡುಗ ಸ್ಪೇನ್‌ಗೆ ಹೋಗುವುದು ಇದ್ಯಾವುದರಲ್ಲೂ ಬರುವುದಿಲ್ಲ. ಅಂದರೆ ಟ್ರಯಲ್ಸ್‌ನಲ್ಲಿ ಅವನು ಅದ್ಭುತವಾಗಿ ಆಡಿದರೂ ಕ್ಲಬ್ಬು ಅವನನ್ನು ನೋಂದಾಯಿಸಲು ಆಗುವುದಿಲ್ಲ. ಹಾಗಿದ್ದ ಮೇಲೆ 4,000 ಡಾಲರ್ ಯಾವುದಕ್ಕೆ? ಇದೇ ಪ್ರಶ್ನೆಯನ್ನು ಏಜೆಂಟ್‌ಗೆ ಬರಹದಲ್ಲಿ ಕೇಳಿ. ಯಾವ ಕ್ಲಬ್, ಕ್ಲಬ್ಬಿನ ಅಧಿಕೃತ ಆಹ್ವಾನ ಪತ್ರ ಎಲ್ಲಿ, ಫಿಫಾ ಪರವಾನಗಿ ಸಂಖ್ಯೆ ಎಷ್ಟು, ಯಾವ ವಿನಾಯಿತಿಯ ಅಡಿ ನೋಂದಣಿ. ನನ್ನ ಅನುಭವದಲ್ಲಿ ಇಂಥ ಪತ್ರಕ್ಕೆ ಉತ್ತರ ಬರುವುದು ಅಪರೂಪ. ಮಗನನ್ನು ಒಬ್ಬನೇ ಕಳಿಸಿ ಅಂದರಂತೂ ಮಾತು ಅಲ್ಲಿಗೇ ನಿಲ್ಲಿಸಿ. ದುಡ್ಡು ಪಡೆದು, ಪರದೇಶದ ಹೋಟೆಲ್‌ನಲ್ಲಿ ಹುಡುಗರನ್ನು ಬಿಟ್ಟು ಮಾಯವಾಗುವವರು ಈ ಕ್ಷೇತ್ರದಲ್ಲಿ ಇದ್ದಾರೆ.

ಇದೇ ನಿಯಮದ ಕಾರಣ ಅವನನ್ನು ದಾವಣಗೆರೆಯಲ್ಲಿ ಅಜ್ಜಿ ಮನೆಯಲ್ಲಿ ಇಟ್ಟು ಬೆಂಗಳೂರಿನ ಅಕಾಡೆಮಿಗೆ ಸೇರಿಸುವುದೂ ಅಂದುಕೊಂಡಷ್ಟು ಸರಳವಲ್ಲ. ಒಂದು ದೇಶದಲ್ಲಿ ನೋಂದಾಯಿತನಾದ ಮೇಲೆ 18ರವರೆಗೆ ವರ್ಗಾವಣೆಗೆ ಇದೇ ತಡೆ ಅನ್ವಯಿಸುತ್ತದೆ. ರಜೆಗೆ ಬಂದಾಗ ಅಭ್ಯಾಸ ಮಾಡಲಿ, ಅದಕ್ಕೇನೂ ಅಡ್ಡಿಯಿಲ್ಲ.

ಹಾಗಾದರೆ ದಾರಿ ಯಾವುದು? ಅವನ ವಯಸ್ಸು, ನಿಮ್ಮ ಪರಿಸ್ಥಿತಿ ನೋಡಿದರೆ ನಾನು ಅಮೆರಿಕದ ಕಾಲೇಜು ದಾರಿಯನ್ನೇ ಮೊದಲು ಇಡುತ್ತೇನೆ. ಹಿಸ್ಲಪ್, ಬ್ಲೇಕ್ ಇಬ್ಬರೂ ಹೋದದ್ದು ಅದೇ. ಅವನು ಹದಿನಾರಕ್ಕೆ ಸಿಎಸ್‌ಇಸಿ ಪರೀಕ್ಷೆ, ಅಂದರೆ ಕೆರಿಬಿಯನ್‌ನ ಪ್ರೌಢಶಾಲಾ ಪರೀಕ್ಷೆ ಬರೆಯುತ್ತಾನೆ ಅಲ್ವಾ, ಅದರಲ್ಲಿ ಇಂಗ್ಲಿಷ್, ಗಣಿತ, ವಿಜ್ಞಾನ ಚೆನ್ನಾಗಿರಲಿ. ಕಾಲೇಜು ಕ್ರೀಡೆ ನಡೆಸುವ ಎನ್‌ಸಿಎಎ ಆ ಅಂಕಗಳನ್ನು ಪರಿಗಣಿಸುತ್ತದೆ. ಅಲ್ಲಿಯವರೆಗೆ ಯಾವ ಕ್ಲಬ್ಬಿನ ಜೊತೆಗೂ ಸಂಬಳದ ಒಪ್ಪಂದಕ್ಕೆ, ಯಾವ ಏಜೆಂಟ್ ಕಾಗದಕ್ಕೂ ಸಹಿ ಹಾಕದಿರುವುದು ಒಳ್ಳೆಯದು, ಅದು ಅರ್ಹತೆಗೆ ಕುತ್ತು ತರಬಹುದು. ಇದರಲ್ಲೂ ತೊಡಕಿಲ್ಲದೇ ಇಲ್ಲ. ಸ್ಕಾಲರ್‌ಶಿಪ್ ಅಂದರೆ ಪೂರ್ತಿ ಫೀಸು ಅಂತ ತಿಳಿಯಬೇಡಿ, ಫುಟ್‌ಬಾಲ್‌ನಲ್ಲಿ ಅದನ್ನು ಹಲವರಿಗೆ ಹಂಚುತ್ತಾರೆ. ಎನ್‌ಸಿಎಎಯ ಮೂರನೇ ವಿಭಾಗದ ಕಾಲೇಜುಗಳು ಕ್ರೀಡೆಗೆಂದು ಸ್ಕಾಲರ್‌ಶಿಪ್ ಕೊಡುವುದೇ ಇಲ್ಲ. ಒಂದು ಕಾಲೇಜಿಗೆ ಮೂರ್ನಾಲ್ಕು ಕೀಪರ್ ಇದ್ದು ಒಬ್ಬನೇ ಆಡುತ್ತಾನೆ. ಹಾಗಾಗಿ ಹೆಸರಿಗಿಂತ ಆಟಕ್ಕೆ ಮಹತ್ವ ಕೊಡಿ. ಸದ್ಯದ ಕೀಪರ್ ಯಾವ ವರ್ಷ ಪಾಸಾಗಿ ಹೋಗುತ್ತಾನೆ ಅಂತ ನೋಡಿ ಕಾಲೇಜು ಆರಿಸಿ. ಎರಡು ವರ್ಷದ ಜೂನಿಯರ್ ಕಾಲೇಜಿನಲ್ಲಿ ಆಡಿ, ಆಮೇಲೆ ದೊಡ್ಡ ಕಾಲೇಜಿಗೆ ಹೋಗುವವರೂ ಇದ್ದಾರೆ. ಆಟ ಕೈಕೊಟ್ಟರೂ ಡಿಗ್ರಿ ಇರುತ್ತದೆ. ಅತ್ತೆಯವರಿಗೆ ಹೇಳಲು ನಿಮಗೂ ಒಂದು ಉತ್ತರ ಆಯಿತು. 18ರ ನಂತರ ಭಾರತದ ದಾರಿಯೂ ಹಾಗೇ ಉಳಿದಿರುತ್ತದೆ.

ಕಾಲೇಜು ಕೋಚ್‌ಗಳಿಗೆ ವಿಡಿಯೊ ಕಳಿಸುವಾಗ ಹುಡುಗರು ಬರೀ ಹಾರುವ ದೃಶ್ಯಗಳನ್ನು ಹಾಡು ಹಾಕಿ ಜೋಡಿಸುತ್ತಾರೆ. ಅದರಿಂದ ನಮಗೆ ಏನೂ ತಿಳಿಯುವುದಿಲ್ಲ. ಎರಡು ಪೂರ್ತಿ ಪಂದ್ಯ ಕಳಿಸಿ, ಒಂದು ಗೆದ್ದದ್ದು, ಒಂದು ಸೋತದ್ದು. ಕ್ಯಾಮೆರಾ ಗೋಲ್ ಹಿಂದೆ ಸ್ವಲ್ಪ ಎತ್ತರದಲ್ಲಿರಲಿ. ಚೆಂಡು ಆ ಕಡೆ ಇರುವಾಗ ಕೀಪರ್ ಎಲ್ಲಿ ನಿಂತಿದ್ದಾನೆ, ಡಿಫೆಂಡರ್‌ಗಳ ಜೊತೆ ಮಾತಾಡುತ್ತಾನಾ, ಹೊಡೆತ ಬರುವ ಕ್ಷಣಕ್ಕೆ ಎರಡೂ ಕಾಲು ನೆಲದ ಮೇಲಿವೆಯಾ, ಗೋಲು ತಿಂದ ಮೇಲಿನ ಐದು ನಿಮಿಷ ಹೇಗಿರುತ್ತಾನೆ. ನೋಡುವವರು ನೋಡುವುದು ಇದನ್ನೇ.

4,000 ಡಾಲರ್ ಇಟ್ಟುಕೊಂಡಿದ್ದರೆ ಅದರಲ್ಲಿ ಸ್ವಲ್ಪ ಭಾಗ ಖರ್ಚು ಮಾಡಿ ಒಂದು ಬೇಸಿಗೆ ಅಮೆರಿಕದ ಯಾವುದಾದರೂ ಕಾಲೇಜು ನಡೆಸುವ ಗೋಲ್‌ಕೀಪರ್ ಶಿಬಿರಕ್ಕೆ ಕಳಿಸಿ, ನಿಮ್ಮಲ್ಲೊಬ್ಬರು ಜೊತೆಗೆ ಹೋಗಿ. ಫೀಸು ಬಹಿರಂಗವಾಗಿರುತ್ತದೆ, ಕಲಿಸುವವರು ಯಾರು ಅಂತ ಗೊತ್ತಿರುತ್ತದೆ. ಅವನ ವಯಸ್ಸಿನ ಇಪ್ಪತ್ತು ಮೂವತ್ತು ಕೀಪರ್‌ಗಳ ಪಕ್ಕ ನಿಂತಾಗ ತಾನು ಎಲ್ಲಿದ್ದೇನೆ ಅಂತ ಅವನಿಗೇ ತಿಳಿಯುತ್ತದೆ. ದ್ವೀಪದಲ್ಲಿ ಆ ಅಳತೆ ಸಿಗುವುದು ಕಷ್ಟ.

ಕೊನೆಗೆ ಕ್ರಿಕೆಟ್. ಬಿಡಿಸಬೇಡಿ. ವಿಕೆಟ್ ಹಿಂದೆ ಕೂತು ಎದ್ದು ಚೆಂಡು ಹಿಡಿಯುವುದರಿಂದ ಕೈ, ಕಣ್ಣು, ಕಾಲಿನ ಹೊಂದಾಣಿಕೆ ಬೆಳೆಯುತ್ತದೆ, ಗಂಟೆಗಟ್ಟಲೆ ಗಮನ ಚದುರದಂತೆ ನಿಲ್ಲುವ ಅಭ್ಯಾಸವೂ ಆಗುತ್ತದೆ. ಹದಿನೈದರಲ್ಲಿ ಒಂದೇ ಆಟಕ್ಕೆ ಕಟ್ಟಿಹಾಕಿದರೆ ಬೇಸರ, ಗಾಯ ಎರಡೂ ಬೇಗ ಬರುತ್ತವೆ. ಎರಡೂ ಆಟದ ಪಂದ್ಯ ಒಂದೇ ವಾರದಲ್ಲಿ ಬಿದ್ದರೆ ಮಾತ್ರ ಒಂದನ್ನು ಬಿಡಲಿ, ಯಾವುದು ಅಂತ ಅವನೇ ಹೇಳಲಿ. ಬೆರಳಿಗೆ ಪೆಟ್ಟಾಗಿ ಊದಿದ್ದರೆ ಟೇಪ್ ಸುತ್ತಿ ಆಡಿಸಬೇಡಿ, ಎಕ್ಸ್‌ರೇ ತೆಗೆಸಿ. ಬೆಳೆಯುವ ಮೂಳೆಯ ತುದಿಗೆ ಪೆಟ್ಟಾಗಿದ್ದರೆ ಅದು ಹೊರಗೆ ಕಾಣುವುದಿಲ್ಲ.